ಪ್ರಾಂಪ್ಟ್ ಬೇಡ ಅಂದೆ, ಕಾಮಿಡಿ ಕೈ ಹಿಡಿಯಿತು: ನನ್ನ ಅನುಭವ

ಪ್ರಾಂಪ್ಟಿಂಗ್, ಅಂದರೆ ಶಾಟ್ ನಡೆಯುವಾಗಲೇ ಒಬ್ಬರು ಪಕ್ಕದಿಂದ ಸಾಲು ಹೇಳಿಕೊಡುವುದು, ಇಲ್ಲದೆ ಸೀರಿಯಲ್‌ನಲ್ಲಿ ಕಾಮಿಡಿ ಮಾಡೋಕಾಗಲ್ಲ ಅಂತ ನನಗೆ ಹೇಳಿದವರೆಲ್ಲ ಇದೇ ಫೀಲ್ಡ್‌ನಲ್ಲಿ ಪಳಗಿದವರು. ದಿನಕ್ಕೆ 12-13 ಸೀನ್ ಮುಗಿಯಬೇಕು, ಸೀನ್ ಪೇಪರ್ ಕೈಗೆ ಬರುವುದೇ ಮೇಕಪ್ ಆದಮೇಲೆ, ಬಾಯಿಪಾಠಕ್ಕೆ ಟೈಮ್ ಎಲ್ಲಿದೆ? ಅವರ ಮಾತಿನಲ್ಲಿ ಹುರುಳಿತ್ತು. ಆದರೂ ಹತ್ತು ವರ್ಷದ ಮೇಲಾಯಿತು, ನನ್ನ ಡೈಲಾಗ್‌ಗೆ ನಾನು ಪ್ರಾಂಪ್ಟ್ ತಗೊಂಡಿಲ್ಲ. ಕೆಲಸ ಹೆಚ್ಚಾಗಿದೆಯೇ ಹೊರತು ಕಡಿಮೆಯಾಗಿಲ್ಲ. ಕ್ಯಾರೆಕ್ಟರ್ ರೋಲ್ (ಪೋಷಕ ಪಾತ್ರ) ಮಾಡುವ ಹುಡುಗರು ಇದು ಹೇಗೆ ಅಂತ ಕೇಳುತ್ತಲೇ ಇರುತ್ತಾರೆ, ಅದಕ್ಕೇ ಬರೆದಿದ್ದೇನೆ.

ನಾನು ಬಂದದ್ದು ಊರೂರು ತಿರುಗುವ ಕಂಪನಿ ನಾಟಕದಿಂದ. ಜನವರಿಯ ಬಾದಾಮಿ ಬನಶಂಕರಿ ಜಾತ್ರೆ ಅಂದರೆ ನಮಗೆ ಸುಗ್ಗಿ. ಅಲ್ಲಿ ಮೈಕು ಮೇಲಿಂದ ಇಳಿಬಿದ್ದಿರುತ್ತದೆ. ಅದರ ಕೆಳಗೆ ಬಂದು, ಜನರ ಕಡೆ ತಿರುಗಿ ಮಾತು ಬಿಟ್ಟು, ನಗು ಇಳಿಯುವ ತನಕ ನಿಲ್ಲಬೇಕು. ಎಷ್ಟು ಹೊತ್ತು ನಿಲ್ಲಬೇಕು ಅನ್ನುವುದನ್ನು ಜನರೇ ಹೇಳಿಬಿಡುತ್ತಾರೆ. ಬೆಂಗಳೂರಿನ ಸೆಟ್‌ನಲ್ಲಿ ನಗುವವರೇ ಇಲ್ಲ. ಲೈವ್ ಸೌಂಡ್, ಶೂಟಿಂಗ್ ಹೊತ್ತಲ್ಲೇ ಮಾತು ರೆಕಾರ್ಡ್ ಆಗುತ್ತದೆ, ಆದ್ದರಿಂದ ಕ್ಯಾಮೆರಾ ಹಿಂದಿನವರು ನಗು ಬಂದರೂ ಬಾಯಿ ಮುಚ್ಚಿಕೊಂಡಿರಬೇಕು. ಜತೆಗೆ ಪ್ರತಿ ಸಾಲಿಗೂ ಅಸಿಸ್ಟೆಂಟ್ ಹೇಳಿಕೊಡುತ್ತಾನೆ, ಅದನ್ನು ಕೇಳಿ ನಾವು ಒಪ್ಪಿಸಬೇಕು. ನನ್ನ ಟೈಮಿಂಗ್ ಸತ್ತದ್ದೇ ಆ ಗ್ಯಾಪ್‌ನಲ್ಲಿ.

ಮೊದಲ ಮೂರ್ನಾಲ್ಕು ವರ್ಷ ನಗಿಸಲು ಏನೇನೋ ಮಾಡಿ ನೋಡಿದೆ. ದನಿ ಏರಿಸಿದೆ, ಅಂಗಿಗೆ ಸಿಕ್ಕಿಸುವ ಲ್ಯಾಪಲ್ ಮೈಕಿನಲ್ಲಿ ಸೌಂಡ್ ಒಡೆಯಿತು. ಕಟ್ಟು ಹಲ್ಲು ಮಾಡಿಸಿಕೊಂಡೆ. ಆಗಿನ ಕಾಲಕ್ಕೇ ನಾಲ್ಕು ಸಾವಿರದ ಹತ್ತಿರ ಹೋಯಿತು, ಸಕಾರ ಶಕಾರ ಎರಡೂ ಸೀಟಿ ಹೊಡೆದಂತೆ ಕೇಳಿ ಸೌಂಡ್‌ನವರು ತೆಗೆಸಿದರು. ಪೂರ್ತಿ ನಮ್ಮ ಗದಗಿನ ಮಾತೇ ಆಡಿದೆ. ಬರೆಯುವವರು ಸಾಲಿಗೊಂದು ‘ಏನ್ಲೇ’ ತುರುಕತೊಡಗಿದರು. ಊರಿನಿಂದ ನಮ್ಮ ಕಾಕಾ ಫೋನ್ ಮಾಡಿ, “ತಮ್ಮಾ, ಹಿಂಗ ಯಾರ್ ಮಾತಾಡ್ತಾರೋ ನಮ್ಮ ಕಡೆ?” ಅಂದರು. ಅಲ್ಲಿಂದ ಆ ಭಾಷೆಯನ್ನು ಸಿಟ್ಟು ಬಂದಾಗ ಮಾತ್ರ ಬಾಯಿ ತಪ್ಪಿ ಬರುವ ಹಾಗೆ ಇಟ್ಟುಕೊಂಡಿದ್ದೇನೆ. ಇದು ಚೆನ್ನಾಗಿ ಕೆಲಸ ಮಾಡುತ್ತದೆ, ಬೇಕಾದವರು ತಗೊಳ್ಳಿ.

ಆಗ ದಿನಕ್ಕೆ ಸುಮಾರು 1,500 ರೂಪಾಯಿ, ತಿಂಗಳಿಗೆ ಹೆಚ್ಚೆಂದರೆ ಏಳೆಂಟು ಕಾಲ್‌ಶೀಟ್ (ಶೂಟಿಂಗ್ ದಿನ). ಕಾಸ್ಟ್ಯೂಮ್ ನಮ್ಮದೇ, ಚೆಕ್ ಬರುವುದು ಮೂರು ತಿಂಗಳಿಗೆ, ಅದರಲ್ಲೂ ಶೇ 10 ತೆರಿಗೆ (ಟಿಡಿಎಸ್) ಹಿಡಿದು. ಒಂದು ಸೀರಿಯಲ್ ಹೇಳದೆ ಕೇಳದೆ ನಿಂತು ನನ್ನ 60-70 ಸಾವಿರ ಮುಳುಗಿತು. ಮನೆ ಬಾಡಿಗೆಗೆ ಮಡದಿಯ ಬಳೆ ಅಡವಿಟ್ಟ ವರ್ಷ ಅದು. ಬಾಕಿ ಕೇಳಲು ಆ ಆಫೀಸಿಗೆ ಎಷ್ಟು ಸಲ ಅಲೆದೆನೋ. ಮ್ಯಾನೇಜರ್ ಬರುವ ತನಕ ಎಡಿಟಿಂಗ್ ರೂಮಿನಲ್ಲಿ ಕೂರಿಸುತ್ತಿದ್ದರು. ದುಡ್ಡು ಸಿಗಲಿಲ್ಲ, ನನಗೆ ಬೇಕಾದ ವಿದ್ಯೆ ಸಿಕ್ಕಿದ್ದು ಅಲ್ಲಿ.

ಪ್ರಾಂಪ್ಟರ್ ದನಿ ಇರುವ ಕಡೆಯೆಲ್ಲ ಎಡಿಟರ್ ಸೌಂಡ್ ತೆಗೆಯುತ್ತಾನೆ. ಮಾತಾಡುವವರ ಕಣ್ಣು ಆ ಹೊತ್ತಿನಲ್ಲಿ ಎಲ್ಲೋ ಇರುವುದರಿಂದ ಆ ಜಾಗಕ್ಕೆ ಬೇರೆ ಮುಖ ಹಾಕಲೇಬೇಕು. ಅವನು ಹುಡುಕುತ್ತಾನೆ, ಒಂದೂ ಒಳ್ಳೇ ಮುಖ ಸಿಗುವುದಿಲ್ಲ. ಎಲ್ಲರೂ ತಮ್ಮ ಮುಂದಿನ ಸಾಲಿಗೆ ಕಾಯುತ್ತ ನಿಂತಿರುತ್ತಾರೆ. ನಮ್ಮ ಬಾಲಣ್ಣ, ಹಳೇ ಕನ್ನಡ ಸಿನಿಮಾಗಳ ಹಾಸ್ಯನಟ ಟಿ.ಎನ್. ಬಾಲಕೃಷ್ಣ ಅವರು, ತಟ್ಟನೆ ನೆನಪಾದರು. ಅವರಿಗೆ ಕಿವಿ ಸರಿಯಾಗಿ ಕೇಳುತ್ತಿರಲಿಲ್ಲ, ಎದುರಿನವರ ತುಟಿ ನೋಡಿಯೇ ಮಾತು ಹಿಡಿಯುತ್ತಿದ್ದರು. ಅವರ ಹಳೇ ಕಪ್ಪು-ಬಿಳುಪು ಸೀನ್‌ಗಳನ್ನು ಹಾಕಿಕೊಂಡು ಕಣ್ಣು ಮಾತ್ರ ನೋಡಿ. ಎದುರಿನವರನ್ನು ಒಂದು ಗಳಿಗೆಯೂ ಬಿಡುವುದಿಲ್ಲ. ಕೇಳಿಸಿಕೊಳ್ಳುವ ಮುಖವೇ ಅಷ್ಟು ನಗಿಸಬಹುದಾದರೆ ನಾನು ಮಾತಿಗೆ ಯಾಕೆ ಸಾಯಬೇಕು?

ಮುಂದಿನ ರೋಲ್ ಎರಡು ದಿನದ್ದು, ಮನೆ ಅಳಿಯನ ಮಾವ. ಮೇಕಪ್ ಕುರ್ಚಿಯಲ್ಲೇ ಸೀನ್ ಓದಿಕೊಂಡೆ, ಬೇರೆಯವರ ಸಾಲು ಮೊದಲು, ನನ್ನದು ಆಮೇಲೆ. ಪ್ರಾಂಪ್ಟ್ ಬೇಡ ಅಂದಾಗ ಡೈರೆಕ್ಟರ್, “ಸರ್, ಟೇಕ್ ಜಾಸ್ತಿಯಾದ್ರೆ ನಾನು ಚಾನೆಲ್‌ಗೆ ಉತ್ತರ ಕೊಡ್ಬೇಕು” ಅಂದರು. ಒಂದೇ ಒಂದು ಸೀನ್ ಹಾಗೆ ಮಾಡಲು ಬಿಡಿ ಅಂದೆ. ಸಾಲಿನ ನಡುವೆ ಪದ ಹಿಂದುಮುಂದಾದರೂ ಕೊನೆಯ ಎರಡು ಪದ ಬರೆದ ಹಾಗೇ ಇರಬೇಕು, ಎದುರಿನವರಿಗೆ ತಮ್ಮ ಮಾತು ಶುರು ಮಾಡಲು ಅದೇ ಕ್ಯೂ (ಸೂಚನೆ). ಇಷ್ಟು ಪಾಲಿಸಿದರೆ ಯಾರೂ ತಡವರಿಸುವುದಿಲ್ಲ.

ಆ ಸೀನ್‌ನಲ್ಲೇ ದೊಡ್ಡ ವಿಷಯ ಗೊತ್ತಾಯಿತು. ಎದುರಿಗಿರುವ ಹೆಂಡತಿ ಪಾತ್ರದವರು ಪ್ರಾಂಪ್ಟ್ ತಗೊಳ್ಳುವುದರಿಂದ ಅವರ ಮಾತು ನನಗೆ ಎರಡು ಸಲ ಕೇಳುತ್ತದೆ, ಮೊದಲು ಅಸಿಸ್ಟೆಂಟ್ ಬಾಯಲ್ಲಿ, ಆಮೇಲೆ ಅವರ ಬಾಯಲ್ಲಿ. ಮೊದಲನೆಯದಕ್ಕೆ ಕಣ್ಣಲ್ಲಿ ಒಂಚೂರು ಅನುಮಾನ ಮಾತ್ರ, ಎರಡನೆಯದಕ್ಕೆ ಪೂರ್ತಿ ಮುಖ. ಪ್ರಾಂಪ್ಟರ್ ದನಿ ತೆಗೆದಮೇಲೆ ಪರದೆಯಲ್ಲಿ ಏನು ಕಾಣಿಸಿತು ಗೊತ್ತೇ? ಹೆಂಡತಿ ಏನು ಹೇಳುತ್ತಾಳೆ ಅಂತ ಮೊದಲೇ ಗೊತ್ತಿದ್ದೂ, ಹೇಳಿದಾಗ ಮತ್ತೆ ಬೆಚ್ಚಿಬೀಳುವ ಗಂಡ! ಬರಹಗಾರರು ಬರೆಯದೇ ಇದ್ದ ಪಾತ್ರ ಅದು. ಎಡಿಟರ್ ಅದನ್ನೇ ಬಳಸಿದ, ಡೈರೆಕ್ಟರ್ ಮುಂದಿನ ಶೆಡ್ಯೂಲ್‌ಗೂ ಕರೆದರು, ಎರಡು ದಿನದ ಮಾವ ಎರಡೂವರೆ ವರ್ಷ ಓಡಿದ. ಪೇಮೆಂಟ್ ಅಲ್ಲಿಂದ ಏರುತ್ತ ಈಗ ಮೊದಲಿನ ಐದಾರು ಪಟ್ಟಾಗಿದೆ. ಬಳೆ ಬಿಡಿಸಿದ್ದೇನೆ, ಮೇಲೊಂದು ಜತೆಯನ್ನೂ ಮಾಡಿಸಿಕೊಟ್ಟಿದ್ದೇನೆ.

ಎರಡು ರಿಯಾಕ್ಷನ್ ನಡುವೆ ಮುಖ ಖಾಲಿ ಮಾಡಿಕೊಳ್ಳಲು ಉಸಿರಿನದೊಂದು ಪಟ್ಟು ಇದೆ. ಅದನ್ನು ಮಾತ್ರ ಬರೆಯುವುದಿಲ್ಲ, ನನ್ನ ಊಟ ಅದರಲ್ಲಿದೆ. ಆದರೆ ಕಂಟಿನ್ಯೂಟಿ (ಒಂದು ಶಾಟ್‌ಗೂ ಇನ್ನೊಂದಕ್ಕೂ ಎಲ್ಲ ಹೊಂದುವುದು) ಬಗ್ಗೆ ಹೇಳುತ್ತೇನೆ: ಕೈಯಲ್ಲಿ ಲೋಟ, ಪೇಪರ್ ಏನನ್ನೂ ಹಿಡಿಯಬೇಡಿ. ಎಲ್ಲರೂ ಕಾಣುವ ಮಾಸ್ಟರ್ ಶಾಟ್‌ಗೂ ಮುಖದ ಕ್ಲೋಸ್‌ಅಪ್‌ಗೂ ಲೋಟದ ಎತ್ತರ ಬೇರೆಯಾದರೆ ಎಂಥ ಮುಖ ಕೊಟ್ಟಿದ್ದರೂ ಕತ್ತರಿಗೆ ಹೋಗುತ್ತದೆ. ನಾನು ಪಂಚೆ ಪಾತ್ರವಾದರೆ ಎರಡೂ ಕೈ ಹಿಂದೆ ಕಟ್ಟಿ ನಿಲ್ಲುತ್ತೇನೆ.

2021ರಲ್ಲಿ ಕೊರೊನಾ ಎರಡನೇ ಅಲೆಯ ಹೊತ್ತಿಗೆ ಹಲವು ಕನ್ನಡ ಸೀರಿಯಲ್‌ಗಳ ಶೂಟಿಂಗ್ ಹೈದರಾಬಾದಿನ ರಾಮೋಜಿ ಫಿಲ್ಮ್ ಸಿಟಿಗೆ ಹೋದಾಗ ನಾನೂ ಹೋದೆ. ಅಲ್ಲಿ ಟೈಮ್ ಇನ್ನೂ ಕಮ್ಮಿ, ಬಾಯಿಪಾಠ ಬರುವ ನಟ ಬೇಕು ಅಂತ ಕೇಳಿ ಕರೆಸಿಕೊಂಡರು. ಮೊದಲು ನನ್ನನ್ನು ತಡೆದಿದ್ದ ಡೈರೆಕ್ಟರೇ ಫೋನ್ ಮಾಡಿದ್ದು.

ಎದುರಿಗೆ ಪ್ರೇಕ್ಷಕರನ್ನು ಕೂರಿಸಿ ಮಾಡುವ ವಾರಾಂತ್ಯದ ಕಾಮಿಡಿ ಶೋಗಳಿಗೆ ಈ ವಿಧಾನ ಹಾಕಬೇಡಿ, ಪ್ರಯತ್ನಿಸಿ ಬಿಟ್ಟಿದ್ದೇನೆ. ಕಣ್ಣಿನ ಅನುಮಾನ ಮೂರನೇ ಸಾಲಿನ ಕುರ್ಚಿಗೂ ಮುಟ್ಟುವುದಿಲ್ಲ. ಅಲ್ಲಿ ಕಂಪನಿ ನಾಟಕದ ಲೆಕ್ಕವೇ ಸರಿ: ಮುಂದೆ ಬನ್ನಿ, ಜೋರಾಗಿ ಹೇಳಿ, ನಗು ಇಳಿಯುವ ತನಕ ಕಾಯಿರಿ.