ಪ್ರತೀಕಾರ ಸುಂಕದ ಪಟ್ಟಿಯನ್ನು ನಾನು ಕಟ್ಟುವ ಬಗೆ

ಒಂದು ದೇಶ ಇನ್ನೊಂದರ ಉಕ್ಕಿನ ಮೇಲೆ ಏಕಾಏಕಿ ಶೇ 25 ಸುಂಕ ಹೇರುತ್ತದೆ. ಏಟು ತಿಂದವರು ಉತ್ತರ ಕೊಡಲೇಬೇಕು. ಯಾವ ಸರಕಿನ ಮೇಲೆ, ಎಷ್ಟು, ಯಾವ ದಿನದಿಂದ? ಅಂಥ ಪಟ್ಟಿಗಳ ಕರಡು ಮಾಡುವುದು ನನ್ನ ಕೆಲಸ. ಸುದ್ದಿಯಲ್ಲಿ ಅದು ಸಿಟ್ಟಿನಂತೆ ಕಾಣುತ್ತದೆ, ಮೇಜಿನ ಮೇಲೆ ಬರೀ ಸ್ಪ್ರೆಡ್‌ಶೀಟ್.

ನಾನು ಮೊದಲು ಮಿತಿ ಹಾಕಿಕೊಳ್ಳುತ್ತೇನೆ. ಸರಕು ಆರಿಸಲು ಕೂರುವುದು ಆಮೇಲೆ. ಸುಂಕ ಬೀಳುವುದಕ್ಕೆ ಹಿಂದಿನ ವರ್ಷ ನಮ್ಮಿಂದ 100 ಕೋಟಿ ಡಾಲರ್ ಉಕ್ಕು ಹೋಗಿದ್ದರೆ, ಶೇ 25ರಂತೆ ಅವರಿಗೆ ಸಿಗುವ ಸುಂಕ 25 ಕೋಟಿ. ನಮ್ಮ ಪಟ್ಟಿಯ ಪ್ರತಿ ಸಾಲಿನಲ್ಲಿ ಆಮದು ಮೌಲ್ಯವನ್ನು ಹೆಚ್ಚುವರಿ ದರದಿಂದ ಗುಣಿಸಿ ಕೂಡಿದಾಗ ಆ 25 ಕೋಟಿ ದಾಟಬಾರದು. ಆದರೆ ಡಬ್ಲ್ಯುಟಿಒ (ವಿಶ್ವ ವ್ಯಾಪಾರ ಸಂಸ್ಥೆ) ಮಧ್ಯಸ್ಥಗಾರರು ಮೊತ್ತ ನಿಗದಿ ಮಾಡಿದ ಪ್ರಕರಣಗಳಲ್ಲಿ ಎಷ್ಟೋ ಸಲ ಅದು ನಷ್ಟವಾದ ವ್ಯಾಪಾರದ ಮೌಲ್ಯ, ಸುಂಕದ ವಸೂಲಿಯಲ್ಲ. 1999ರಲ್ಲಿ ಯುರೋಪಿನ ಬಾಳೆಹಣ್ಣು ಆಮದು ನೀತಿಯ ವ್ಯಾಜ್ಯದಲ್ಲಿ ಅಮೆರಿಕಕ್ಕೆ ಸಿಕ್ಕಿದ್ದು ವರ್ಷಕ್ಕೆ 19.14 ಕೋಟಿ ಡಾಲರ್. ಅಷ್ಟು ಬೆಲೆಯ ಯುರೋಪಿನ ಸರಕಿಗೆ ಅದು ಶೇ 100 ಸುಂಕ ಹಾಕಿ ಬಾಗಿಲು ಮುಚ್ಚಿತು. ಈ ಎರಡು ಲೆಕ್ಕ ಬೆರೆತರೆ ಪಟ್ಟಿ ನಾಲ್ಕು ಪಟ್ಟು ಉಬ್ಬುತ್ತದೆ, ಇಲ್ಲವೇ ಕಾಲುಭಾಗಕ್ಕೆ ಕುಗ್ಗುತ್ತದೆ. ಎದುರು ಪಕ್ಷದ ವಕೀಲರು ಮೊದಲು ಕೈಯಿಡುವುದೇ ಇಲ್ಲಿ.

ಕಾನೂನಿನ ಆಸರೆ ಯಾವುದು ಎಂಬುದು ತಾರೀಖಿಗೂ ಗಂಟು ಬಿದ್ದಿದೆ. ಎದುರಿನವರ ಕ್ರಮವನ್ನು ಸೇಫ್‌ಗಾರ್ಡ್ (ಆಮದು ಏರಿದಾಗ ಸ್ವಂತ ಉದ್ಯಮ ಕಾಯಲು ಹಾಕುವ ತಾತ್ಕಾಲಿಕ ತಡೆ) ಎಂದು ನಾವು ವಾದಿಸುವುದಾದರೆ, ಸೇಫ್‌ಗಾರ್ಡ್ ಒಪ್ಪಂದದ 8ನೇ ವಿಧಿಯಂತೆ ಕ್ರಮ ಜಾರಿಯಾದ 90 ದಿನದೊಳಗೆ ಅವರಿಗೆ ಕೊಟ್ಟ ಸುಂಕ ರಿಯಾಯಿತಿ ತಡೆಹಿಡಿಯಬೇಕು (ಪ್ರತಿಸುಂಕ ಹಾಕುವುದೆಂದರೆ ಇದೇ), ಅದಕ್ಕೆ 30 ದಿನ ಮುಂಚೆ ಡಬ್ಲ್ಯುಟಿಒದ ಸರಕು ವ್ಯಾಪಾರ ಮಂಡಳಿಗೆ ಲಿಖಿತ ನೋಟಿಸ್ ತಲುಪಿರಬೇಕು. ಅಂದರೆ ಕೈಯಲ್ಲಿ ಇರುವುದು ಎರಡು ತಿಂಗಳು. ಅವರ ಆಮದು ಒಟ್ಟು ಪ್ರಮಾಣದಲ್ಲೇ ಏರಿದ್ದ ಕಾರಣಕ್ಕೆ, ಒಪ್ಪಂದದ ನಿಯಮದಂತೆ ಆ ಕ್ರಮ ಬಂದಿದ್ದರೆ ಮೊದಲ ಮೂರು ವರ್ಷ ಪ್ರತೀಕಾರಕ್ಕೆ ಅವಕಾಶವೇ ಇಲ್ಲ. 2018ರಲ್ಲಿ ಅಮೆರಿಕ ಉಕ್ಕು, ಅಲ್ಯೂಮಿನಿಯಂ ಸುಂಕವನ್ನು ರಾಷ್ಟ್ರೀಯ ಭದ್ರತೆ ಎಂದು ಕರೆದಾಗ ಹಲವು ದೇಶಗಳು ಅದನ್ನು ವೇಷ ಹಾಕಿದ ಸೇಫ್‌ಗಾರ್ಡ್ ಎಂದೇ ಪರಿಗಣಿಸಿ ಉತ್ತರ ಕೊಟ್ಟವು. 2022ರ ಡಿಸೆಂಬರಿನಲ್ಲಿ ಡಬ್ಲ್ಯುಟಿಒ ಸಮಿತಿಗಳು ಅಮೆರಿಕದ ಭದ್ರತೆಯ ವಾದವನ್ನು ಒಪ್ಪಲಿಲ್ಲ. 2023ರ ಆಗಸ್ಟಿನಲ್ಲಿ ಇನ್ನೊಂದು ಸಮಿತಿ, ಅದು ಸೇಫ್‌ಗಾರ್ಡೂ ಅಲ್ಲ, ಹಾಗಾಗಿ ಚೀನಾದ ಪ್ರತಿಸುಂಕವೂ ತಪ್ಪು ಎಂದಿತು. ಇಬ್ಬರೂ ಸೋತರು. ಮೇಲ್ಮನವಿ ಪೀಠ 2019ರ ಡಿಸೆಂಬರಿನಿಂದ ಕೆಲಸ ಮಾಡದ ಕಾರಣ ಇಂಥ ತೀರ್ಪಿನ ಮೇಲೆ ಮನವಿ ಹಾಕಿ ಕೂತರೆ ಅದು ಅಲ್ಲೇ ನೇತಾಡುತ್ತದೆ. ರಾಜಕಾರಣಕ್ಕೆ ಇದು ಅನುಕೂಲ. ಪಟ್ಟಿ ಮಾಡುವವರು ಮಾತ್ರ ಆಧಾರ ಗಟ್ಟಿಯಿದೆ ಎಂದು ನಂಬಿ ಕೂರಬಾರದು.

ಇನ್ನು ಸರಕು. ಎದುರು ದೇಶದಿಂದ ಬರುವ ಎಲ್ಲ ಟ್ಯಾರಿಫ್ ಲೈನ್‌ಗಳನ್ನು (ಸುಂಕಕ್ಕಾಗಿ ಸರಕಿಗೆ ಕೊಟ್ಟ ಕೋಡ್‌ನ ಸಾಲುಗಳು) ಎಂಟು ಅಂಕಿಯ ಮಟ್ಟದಲ್ಲಿ ಇಳಿಸಿಕೊಂಡು ಪ್ರತಿಯೊಂದಕ್ಕೂ ಮೂರು ವರ್ಷದ ಸರಾಸರಿ ಆಮದು, ನಮ್ಮ ಒಟ್ಟು ಆಮದಿನಲ್ಲಿ ಅವರ ಪಾಲು, ಅವರ ಒಟ್ಟು ರಫ್ತಿನಲ್ಲಿ ನಮ್ಮ ಪಾಲು ಬರೆಯುತ್ತೇನೆ. ಬೇಕಾದದ್ದು ಮೊದಲ ಪಾಲು ಚಿಕ್ಕದಿದ್ದು ಎರಡನೆಯದು ದೊಡ್ಡದಿರುವ ಸಾಲುಗಳು: ನಮಗೆ ಬೇರೆ ಕಡೆ ಸಿಗುತ್ತದೆ, ಅವರಿಗೆ ಬೇರೆ ಗಿರಾಕಿ ಸುಲಭಕ್ಕೆ ಸಿಗುವುದಿಲ್ಲ. ಆರು ಅಂಕಿಗೆ ನಿಂತರೆ ಬೇಡದ್ದೂ ಬಲೆಗೆ ಬೀಳುತ್ತದೆ. ಎಚ್‌ಎಸ್ (ದೇಶಗಳು ಬಳಸುವ ಸಾಮಾನ್ಯ ಸರಕು ಕೋಡ್ ಪದ್ಧತಿ) 2017ರ ಅಂಕಿಅಂಶಕ್ಕೆ 2022ರ ಕೋಡ್ ಅಂಟಿಸಿದರೆ ಒಡೆದುಹೋದ ಲೈನ್‌ಗಳು ಸೊನ್ನೆ ತೋರಿಸುತ್ತವೆ, ಆದ್ದರಿಂದ ಹೊಂದಾಣಿಕೆ ಕೋಷ್ಟಕ ಪಕ್ಕದಲ್ಲಿರಲೇಬೇಕು. ಸಾಮಾನ್ಯವಾಗಿ ಆಮದು ಅಂಕಿಯಲ್ಲಿ ಸಾಗಣೆ, ವಿಮೆ ಸೇರಿರುತ್ತದೆ, ರಫ್ತು ಅಂಕಿಯಲ್ಲಿ ಇರುವುದಿಲ್ಲ. ಎರಡನ್ನೂ ಒಂದೇ ಕಾಲಂಗೆ ಸುರಿಯಬಾರದು.

ನಂತರ ಕತ್ತರಿ. ಸ್ವಂತ ಕಾರ್ಖಾನೆಗೆ ಕಚ್ಚಾವಸ್ತುವಾದದ್ದು, ಔಷಧ, ಯಂತ್ರದ ಬಿಡಿಭಾಗ ಮೊದಲ ಸುತ್ತಿನಲ್ಲೇ ಹೊರಗೆ. ಅಮೆರಿಕದ ವಿರುದ್ಧ ಭಾರತ 2018ರಲ್ಲಿ ಘೋಷಿಸಿದ ಪಟ್ಟಿಯಲ್ಲಿ ಸೀಗಡಿ ಮರಿಗಳ ಆಹಾರವಾದ ಆರ್ಟೀಮಿಯಾ ಇತ್ತು. 2019ರ ಜೂನ್ 16ರಂದು 28 ಸರಕುಗಳೊಂದಿಗೆ ಜಾರಿಗೆ ಬಂದಾಗ ಅದು ಇರಲಿಲ್ಲ. ಸೀಗಡಿ ರಫ್ತು ಮಾಡುವ ದೇಶ ಅದಕ್ಕೆ ಸುಂಕ ಹಾಕಿದ್ದರೆ ಪೆಟ್ಟು ಬೀಳುತ್ತಿದ್ದುದು ತನ್ನದೇ ಮರಿ ಸಾಕಣೆಗೆ.

ಉಳಿದದ್ದನ್ನು ಭೂಪಟದ ಮೇಲೆ ಹರಡುವುದು ಇಡೀ ಕೆಲಸದಲ್ಲಿ ನನಗೆ ಅತ್ಯಂತ ಇಷ್ಟವಾದ ಭಾಗ. ಯಾವ ಸರಕು ಯಾವ ಕ್ಷೇತ್ರದಲ್ಲಿ ತಯಾರಾಗುತ್ತದೆ, ಅಲ್ಲಿಂದ ಆರಿಸಿ ಬಂದವರು ಯಾರು, ಸುಂಕದ ನಿರ್ಧಾರದ ಮೇಲೆ ಅವರ ಹಿಡಿತವೆಷ್ಟು? 2018ರ ಜೂನ್ 22ರಂದು ಯುರೋಪಿಯನ್ ಒಕ್ಕೂಟ ಅಮೆರಿಕದ ಬೂರ್ಬನ್ ವಿಸ್ಕಿಗೆ ಶೇ 25 ಹಾಕಿದ್ದು ಸುಮ್ಮನೆ ಅಲ್ಲ. ಆಗಿನ ಸೆನೆಟ್ ಬಹುಮತದ ನಾಯಕ ಮಿಚ್ ಮೆಕಾನೆಲ್, ಬೂರ್ಬನ್ ಹೆಚ್ಚಾಗಿ ತಯಾರಾಗುವ ಕೆಂಟಕಿಯವರು. ಇದಕ್ಕಿಂತ ಸೂಕ್ಷ್ಮವಾದದ್ದು ಎದುರಾಳಿ ಕೂಟವನ್ನೇ ಸೀಳುವುದು. 1999ರ ಬಾಳೆಹಣ್ಣಿನ ಪಟ್ಟಿಯಿಂದ ಅಮೆರಿಕ ಡೆನ್ಮಾರ್ಕ್ ಮತ್ತು ನೆದರ್ಲೆಂಡ್ಸನ್ನು ಬಿಟ್ಟಿತು, ಯಾಕೆಂದರೆ ಅವು ಯುರೋಪಿನ ಬಾಳೆಹಣ್ಣು ನೀತಿಯನ್ನು ವಿರೋಧಿಸಿದ್ದವು. ಅದೇ ವರ್ಷ ಹಾರ್ಮೋನ್ ಕೊಟ್ಟು ಬೆಳೆಸಿದ ದನದ ಮಾಂಸದ ವ್ಯಾಜ್ಯದಲ್ಲಿ ಅಮೆರಿಕದ ಪಟ್ಟಿಗೆ ಫ್ರಾನ್ಸಿನ ರೊಕ್‌ಫೋರ್ ಚೀಸ್ ಸಿಕ್ಕಿಬಿತ್ತು, ಬ್ರಿಟನ್ ತಪ್ಪಿಸಿಕೊಂಡಿತು.

ಪಟ್ಟಿಯನ್ನು ಮಿತಿಗಿಂತ ಉದ್ದವಾಗಿ ಬರೆದು ಸಾರ್ವಜನಿಕರ ಮುಂದಿಡುವುದು ನನ್ನ ರೂಢಿ. ಆಕ್ಷೇಪಣೆ ಬಂದಂತೆ ಕಡಿಮೆ ಮಾಡಲು ಜಾಗ ಇರುತ್ತದೆ. ಅದಕ್ಕಿಂತ ಮುಖ್ಯವಾಗಿ, ಹೆಸರು ಕಂಡ ಪ್ರತಿ ಉದ್ಯಮವೂ ತನ್ನ ಸರ್ಕಾರದ ಬಾಗಿಲು ತಟ್ಟತೊಡಗುತ್ತದೆ. ಅಮೆರಿಕದ ವಿರುದ್ಧ ಹತ್ತಿ ಸಬ್ಸಿಡಿ ವ್ಯಾಜ್ಯ ಗೆದ್ದ ಬ್ರೆಜಿಲ್ 2010ರ ಮಾರ್ಚಿನಲ್ಲಿ 59.1 ಕೋಟಿ ಡಾಲರ್ ಮೌಲ್ಯದ ಸರಕುಗಳ ಪಟ್ಟಿ ಪ್ರಕಟಿಸಿತು, ಪೇಟೆಂಟ್ ಹಕ್ಕುಗಳಿಗೂ ಕೈಹಾಕುವ ಬೆದರಿಕೆಯೊಡ್ಡಿತು. ಸುಂಕ ಜಾರಿಯಾಗುವ ಮುನ್ನವೇ ಅಮೆರಿಕ ಮಾತುಕತೆಗೆ ಬಂದು, ಬ್ರೆಜಿಲ್ ಹತ್ತಿ ಬೆಳೆಗಾರರ ನಿಧಿಗೆ ವರ್ಷಕ್ಕೆ 14.73 ಕೋಟಿ ಡಾಲರ್ ಕೊಡಲು ಒಪ್ಪಿತು. ನನ್ನ ಲೆಕ್ಕದಲ್ಲಿ ಒಳ್ಳೆಯ ಪಟ್ಟಿ ಎಂದರೆ ಇಂಥದ್ದು: ಓದಿಸಿಕೊಂಡಿತು, ಜಾರಿಯಾಗಲಿಲ್ಲ.

ಜಾರಿಯಾದರೆ ಕೈಕೊಡುವುದು ಹಲವು ಕಡೆ. ಎದುರಿನ ಸರ್ಕಾರ ನಷ್ಟ ತುಂಬಿಕೊಟ್ಟುಬಿಟ್ಟರೆ ಒತ್ತಡ ಕರಗುತ್ತದೆ. ಚೀನಾ 2018ರ ಜುಲೈನಲ್ಲಿ ಸೋಯಾಬೀನ್‌ಗೆ ಶೇ 25 ಹಾಕಿದಾಗ ಅಮೆರಿಕ ತನ್ನ ರೈತರಿಗೆ ಎರಡು ಕಂತಿನಲ್ಲಿ 2,800 ಕೋಟಿ ಡಾಲರ್‌ವರೆಗೆ ನೆರವು ಘೋಷಿಸಿತು. ಯುರೋಪಿನಲ್ಲಿ ಅಮೆರಿಕದ ಮೋಟರ್‌ಸೈಕಲ್ ಸುಂಕ ಶೇ 6ರಿಂದ 31ಕ್ಕೆ ಏರಿದಾಗ ಹಾರ್ಲೆ-ಡೇವಿಡ್‌ಸನ್ ಯುರೋಪಿಗೆ ಹೋಗುವ ಬೈಕ್‌ಗಳ ತಯಾರಿಯನ್ನೇ ಅಮೆರಿಕದ ಹೊರಗೆ ಸಾಗಿಸುವುದಾಗಿ ಹೇಳಿತು. ಮೂರನೇ ದೇಶದ ಮೂಲಕ ಲೇಬಲ್ ಬದಲಿಸಿ ಬರುವ ಸರಕು ಬೇರೆಯೇ ತಲೆನೋವು. ಸರಕು ಯಾವ ದೇಶದ್ದೆಂದು ಹೇಳುವ ಮೂಲ ಪ್ರಮಾಣಪತ್ರ ತಪಾಸಿಸಲು ಕಸ್ಟಮ್ಸ್‌ಗೆ ಆಳು ಇಲ್ಲದಿದ್ದರೆ ಆ ಸಾಲನ್ನು ಹಾಕದಿರುವುದೇ ಮೇಲು. ಹಡಗಿನಲ್ಲಿ ಆಗಲೇ ಇರುವ ಸರಕಿಗೆ ವಿನಾಯಿತಿ ಇದೆಯೋ ಇಲ್ಲವೋ ಎಂದು ಅಧಿಸೂಚನೆಯಲ್ಲಿ ಬರೆಯದಿದ್ದರೆ ಮೊದಲ ವಾರ ಬಂದರಿನಲ್ಲಿ ಜಗಳವೇ.

ಎಲ್ಲ ಪಟ್ಟಿಯಲ್ಲೂ ನಾನು ಕೊನೆಗೊಂದು ಕಾಲಂ ಇಡುತ್ತೇನೆ: ಪ್ರತೀಕಾರಕ್ಕೆ ಮುಂಚಿನ ದರ. ರಾಜಿಯಾದ ದಿನ ತೆಗೆಯಬೇಕಾದದ್ದು ಹೆಚ್ಚುವರಿಯನ್ನು ಮಾತ್ರ. 2023ರ ಜೂನಿನಲ್ಲಿ ಭಾರತ, ಅಮೆರಿಕ ಆರು ವ್ಯಾಜ್ಯ ಮುಗಿಸಿಕೊಂಡಾಗ ಸೇಬಿನ ಮೇಲಿದ್ದ ಹೆಚ್ಚುವರಿ ಶೇ 20 ಹೋಯಿತು, ಎಲ್ಲರಿಗೂ ಅನ್ವಯಿಸುವ ಶೇ 50 ಹಾಗೇ ಉಳಿಯಿತು. ಈ ಕಾಲಂ ಖಾಲಿಯಿದ್ದರೆ, ವರ್ಷಗಳ ನಂತರ ಆ ಕುರ್ಚಿಯಲ್ಲಿ ಕೂತವರು ಹಳೆಯ ಅಧಿಸೂಚನೆಗಳನ್ನು ಒಂದೊಂದಾಗಿ ಕೆದಕಬೇಕಾಗುತ್ತದೆ.