ಒತ್ತಾದ ಸುಗಂಧರಾಜದ ಬುಡ ಬಿಡಿಸಿ ನೆಟ್ಟ ನನ್ನ ಅನುಭವ

ಪುಣೆಯ ಆಚೆ, ಸಾಸವಡದ ಬಳಿ ನನ್ನ 4 ಗುಂಟೆಯಲ್ಲಿರುವುದು ಹೆಸರಘಟ್ಟದ ತೋಟಗಾರಿಕೆ ಸಂಶೋಧನಾ ಸಂಸ್ಥೆಯ ಪ್ರಜ್ವಲ್ ತಳಿಯ ಸುಗಂಧರಾಜ. ಮೂರನೆಯ ವರ್ಷ ಎಲೆ ಸೊಂಪಾಗಿಯೇ ಇತ್ತು, ಹೂಕಡ್ಡಿ ಮಾತ್ರ ಮೊದಲಿನ ಕಾಲುಭಾಗಕ್ಕೆ ಇಳಿದಿತ್ತು. ಹಳೆಯ ಗಡ್ಡೆ ಬಿಡಿಸಿ ನೆಟ್ಟರೆ ಆ ವರ್ಷದ ಹೂ ಹೋದಂತೆಯೇ, ಹೊಸದು ಕೊಳ್ಳುವುದೇ ಲೇಸು ಎಂದು ಇಲ್ಲಿನ ಕನ್ನಡಿಗ ಗೆಳೆಯರೂ ಪಕ್ಕದ ಹೊಲದವರೂ ಒಂದೇ ಸಮನೆ ಹೇಳಿದರು. ಅವರ ಮಾತಿಗೆ ಒಂದು ಗುಂಟೆಯಷ್ಟು ಗಡ್ಡೆ ಕೊಂಡೆ. ಸಾಗಣೆ ಸೇರಿ ಹತ್ತಿರ ಹತ್ತಿರ 6,000 ರೂಪಾಯಿ ಹೋಯಿತು. ಹಸಿಯಾಗಿಯೇ ಚೀಲಕ್ಕೆ ತುಂಬಿದ್ದ ಆ ಗಡ್ಡೆಗಳಲ್ಲಿ ಮೂರರಲ್ಲೊಂದು ಮಣ್ಣಿನಲ್ಲೇ ಕೊಳೆಯಿತು.

ಉಳಿದ ಮೂರು ಗುಂಟೆಗೆ ನನ್ನ ದಾರಿಯನ್ನೇ ಹಿಡಿದೆ. ಜನವರಿ ಕೊನೆಗೆ ನೀರು ನಿಲ್ಲಿಸಿ, ಎಲೆ ಹಳದಿಯಾಗಿ ಬಾಗಿದ ಮೇಲೆ ಬುಡಗಳನ್ನು ಎಬ್ಬಿಸಿದೆ. ಬಹುತೇಕರು ಎಡವುವುದು ಆಯ್ಕೆಯಲ್ಲಿ. ನಡುವಿನ ದಪ್ಪ ತಾಯಿಗಡ್ಡೆಯೇ ಕಣ್ಣಿಗೆ ಚೆನ್ನಾಗಿ ಕಾಣುತ್ತದೆ, ಆದರೆ ಒಮ್ಮೆ ಕಡ್ಡಿ ಹೊರಡಿಸಿದ ಗಡ್ಡೆ ಮತ್ತೆ ಹೂ ಕೊಡುವುದಿಲ್ಲ. ಮುಂದಿನ ಹೂವೆಲ್ಲ ಅದರ ಸುತ್ತ ಹುಟ್ಟಿದ ಮರಿಗಡ್ಡೆಗಳದು. ಆದ್ದರಿಂದ ತಾಯಿಗಡ್ಡೆಗಳನ್ನು ಗೊಬ್ಬರದ ಗುಂಡಿಗೆ ಹಾಕಿ, 2 ಸೆಂಟಿಮೀಟರಿಗಿಂತ ದಪ್ಪವಾದ, ಕದಿರಿನಂತೆ ತುದಿ ಚೂಪಾದ ಮರಿಗಳನ್ನಷ್ಟೇ ಆರಿಸಿದೆ. ಸಣ್ಣವು ಬೇರೆ ಮಡಿಗೆ ಹೋದವು.

ಆರಿಸಿದವನ್ನು ನೆರಳಿನಲ್ಲಿ ಬಲೆಯ ಮೇಲೆ ತೆಳುವಾಗಿ ಹರಡಿ, ಆಗಾಗ ಮಗುಚುತ್ತ ಸುಮಾರು ಆರು ವಾರ ಒಣಗಿಸಿದೆ. ಒಣಗಿದ್ದು ಸಾಕೆಂದು ಬೆರಳಿಗೆ ತಿಳಿಯುವ ಗುರುತೊಂದಿದೆ. ನೆಡುವ ಮುನ್ನ ಅದ್ದುವ ನೀರಿನಲ್ಲಿ ಕೊಳೆರೋಗ ತಡೆಯುವ ಶಿಲೀಂಧ್ರವಾದ ಟ್ರೈಕೋಡರ್ಮಾದ ಜೊತೆಗೆ ಇನ್ನೊಂದು ವಸ್ತುವೂ ಇದೆ. ಆ ಗುರುತನ್ನೂ ಆ ವಸ್ತುವನ್ನೂ ಸದ್ಯಕ್ಕೆ ನನ್ನಲ್ಲೇ ಇಟ್ಟುಕೊಳ್ಳುತ್ತೇನೆ.

ಈ ನಡುವೆ ಎರಡು ಕಿಲೋದಷ್ಟು ಗಡ್ಡೆಯನ್ನು ಮನೆಯ ಫ್ರಿಜ್ಜಿನ ತರಕಾರಿ ಡಬ್ಬದಲ್ಲಿ ತಿಂಗಳಷ್ಟು ಕಾಲ ಇಟ್ಟು ನೋಡಿದೆ. ಅವು ವಾರ ಹತ್ತು ದಿನ ಮೊದಲೇ ಕಡ್ಡಿ ಹೊರಡಿಸಿದವು. ಆದರೆ ಮೂರು ಗುಂಟೆಯ ಗಡ್ಡೆಗೆ ಶೀತಲಗೃಹದ ಬಾಡಿಗೆ ಕೊಟ್ಟರೆ ಲಾಭ ಅಲ್ಲಿಗೇ ಮುಗಿಯುತ್ತದೆ.

ಮೇ ತಿಂಗಳಲ್ಲಿ ನೆಡುವಾಗ ಹಳೆಯ ಸಾಲಿಗೆ ಮರಳಲಿಲ್ಲ. ಬೇರಿನ ಜಂತುಹುಳು ಅಲ್ಲಿ ಸೇರಿರುತ್ತದೆ, ಆದ್ದರಿಂದ ಆ ಹುಳುವನ್ನು ತಗ್ಗಿಸುವ ಚೆಂಡುಹೂ ಹಿಂದಿನ ಬೆಳೆಯಾಗಿದ್ದ ಜಾಗವನ್ನು ಹಿಡಿದು, ಸಾಲಿನಿಂದ ಸಾಲಿಗೆ 30, ಗಡ್ಡೆಯಿಂದ ಗಡ್ಡೆಗೆ 20 ಸೆಂಟಿಮೀಟರ್ ಬಿಟ್ಟು ನೆಟ್ಟೆ.

ಗಣೇಶ ಚತುರ್ಥಿಯ ಹೊತ್ತಿಗೆ ದಿನಕ್ಕೆ ನಾಲ್ಕೈದು ಕಿಲೋ ಬಿಡಿಹೂ ಸಿಗತೊಡಗಿತು. ಗುಲ್ಟೇಕಡಿ ಮಾರ್ಕೆಟ್ ಯಾರ್ಡಿನಲ್ಲಿ ಆಗ ಕಿಲೋಗೆ 300ರ ಆಸುಪಾಸು ದರವಿದ್ದುದರಿಂದ, ಕೀಳುವ, ಬಿಡಿಸುವ, ನೆಡುವ ಕೂಲಿಯೆಂದು ಕೊಟ್ಟಿದ್ದ 4,000 ರೂಪಾಯಿ ಹಬ್ಬದೊಳಗೇ ಮರಳಿತು. ಕೊಂಡ ಗಡ್ಡೆಯ ಗುಂಟೆಯಲ್ಲಿ ಆಗ ಇನ್ನೂ ಬರೀ ಎಲೆಯಿತ್ತು. ನೆಡಬೇಡಿ ಎಂದಿದ್ದ ಪಕ್ಕದ ಹೊಲದವರೇ ಈಗ ನನ್ನ ಮಡಿಯ ಮರಿಗಡ್ಡೆಗಳಿಗೆ, ಒಂದಕ್ಕೆ ಎರಡೂವರೆ ರೂಪಾಯಿಯಂತೆ, ಮುಂಗಡ ಕೊಟ್ಟಿದ್ದಾರೆ.