ನೀಲಿ ದ್ರಾಕ್ಷಿಯ ಸೋಡಾ ಪಂಚ್: ನಾನು ಮಾಡುವ ಬಗೆ

ಮನೆಗೆ ಹತ್ತಿಪ್ಪತ್ತು ಜನ ಬರುವ ದಿನ ಬಾಟಲಿ ಕೂಲ್‌ಡ್ರಿಂಕ್ ತರಿಸುವುದನ್ನು ಬಿಟ್ಟು ಬಹಳ ಕಾಲವಾಯಿತು. ಬೆಂಗಳೂರು ನೀಲಿ ದ್ರಾಕ್ಷಿ ಸಿಗುವಾಗಂತೂ ಬೇರೆ ಯೋಚನೆಯೇ ಇಲ್ಲ. ಬೆಂಗಳೂರು ಗ್ರಾಮಾಂತರ, ಚಿಕ್ಕಬಳ್ಳಾಪುರ, ಕೋಲಾರದ ಕಡೆ ಬೆಳೆಯುವ ಈ ಹಣ್ಣಿಗೆ 2013ರಲ್ಲಿ ಭೌಗೋಳಿಕ ಸೂಚಕ ಮಾನ್ಯತೆಯೂ ಸಿಕ್ಕಿದೆ. ಸಿಪ್ಪೆ ದಪ್ಪ, ಬೀಜ ಬೇರೆ, ಜೊತೆಗೆ ಹುಳಿ ಅಂತ ತಿನ್ನಲು ಮೂಗು ಮುರಿಯುವವರಿದ್ದಾರೆ. ಆದರೆ ರಸಕ್ಕೆ ಇದೇ ಬೇಕು. ಆ ಬಣ್ಣ, ಆ ಘಮ ಹಸಿರು ಸೀಡ್‌ಲೆಸ್‌ನಲ್ಲಿ ಎಲ್ಲಿಂದ ಬರಬೇಕು?

2 ಕೆ.ಜಿ. ದ್ರಾಕ್ಷಿಯನ್ನು ಚೆನ್ನಾಗಿ ತೊಳೆದು, ಬಿಡಿಸಿ, ದಪ್ಪ ತಳದ ಪಾತ್ರೆಗೆ ಹಾಕಿ, ಒಂದು ಲೋಟ ನೀರು ಸೇರಿಸಿ ಸಣ್ಣ ಉರಿಯಲ್ಲಿಡುತ್ತೇನೆ. ಕುದಿಸುವುದಿಲ್ಲ. ಕುದಿಸಿದರೆ ಜಾಮ್ ವಾಸನೆ ಬರುತ್ತದೆ. ಬಿಸಿ ಹತ್ತಿದಂತೆ ಸಿಪ್ಪೆ ಬಿರಿದು ಬಣ್ಣ ಬಿಡತೊಡಗುತ್ತದೆ. ಮೊದಲು ತಿಳಿಗುಲಾಬಿ, ನೋಡನೋಡುತ್ತಲೇ ಕಡುನೇರಳೆ. ಆಗ ಸೌಟಿನ ಹಿಂಬದಿಯಿಂದ ಮೆಲ್ಲಗೆ ಕಿವುಚಬೇಕು. ಮಿಕ್ಸಿಗೆ ಹಾಕಲೇಬೇಡಿ, ಬೀಜ ಒಡೆದರೆ ರಸವೆಲ್ಲ ಒಗರು. ತೆಳು ಬಟ್ಟೆಯಲ್ಲಿ ಸೋಸಿ, ಹಿಂಡದೆ, ತಾನಾಗಿ ಇಳಿಯಲು ಬಿಡುತ್ತೇನೆ. ಲೀಟರಿಗಿಂತ ತುಸು ಹೆಚ್ಚೇ ರಸ ಸಿಗುತ್ತದೆ.

ಬಿಸಿಯಿರುವಾಗಲೇ 200 ಗ್ರಾಂ ಸಕ್ಕರೆ, ಚಿಟಿಕೆ ಉಪ್ಪು ಹಾಕಿ ಪೂರ್ತಿ ಕರಗಿಸುತ್ತೇನೆ. ಒಂದು ಹರಳೂ ಉಳಿಯಬಾರದು, ಯಾಕೆಂದರೆ ಸೋಡಾದ ಗ್ಯಾಸು ಹರಳಿನ ಸುತ್ತ ಗುಳ್ಳೆ ಕಟ್ಟಿ ಹಾರಿಹೋಗುತ್ತದೆ. ಆರಿದ ಮೇಲೆ ಮೂರು ನಿಂಬೆಹಣ್ಣಿನ ರಸ, ಒಂದು ಚಮಚ ಶುಂಠಿ ರಸ. ಈ ಹೊತ್ತಿಗೆ ರುಚಿ ನೋಡಿದರೆ ಸಿಹಿ, ಹುಳಿ ಎರಡೂ ಜಾಸ್ತಿ ಅನ್ನಿಸಬೇಕು. ಸೋಡಾ ಬಿದ್ದು, ತಣ್ಣಗಾದಾಗ ಅದು ಹದಕ್ಕೆ ಬರುತ್ತದೆ. ರಾತ್ರಿಯಿಡೀ ಫ್ರಿಜ್‌ನಲ್ಲಿಟ್ಟರೆ ತಳದಲ್ಲಿ ಮರಳಿನಂಥ ಗಷ್ಟು ಕೂರುತ್ತದೆ. ಅದು ದ್ರಾಕ್ಷಿಯದೇ ಲವಣ, ಕೆಟ್ಟಿದ್ದಲ್ಲ. ಮೇಲಿನ ತಿಳಿಯನ್ನು ಬಗ್ಗಿಸಿಕೊಂಡರಾಯಿತು. ಸ್ವಲ್ಪ ರಸವನ್ನು ಸ್ಟೀಲ್ ಡಬ್ಬಿಯಲ್ಲಿ ದೊಡ್ಡ ಗಡ್ಡೆಯಾಗಿ ಹೆಪ್ಪುಗಟ್ಟಿಸಿಡುತ್ತೇನೆ. ಸಣ್ಣ ಐಸ್ ತುಂಡುಗಳಿಗಿಂತ ನಿಧಾನ ಕರಗುತ್ತದೆ, ಕರಗಿದರೂ ಪಂಚ್ ನೀರಾಗುವುದಿಲ್ಲ.

ಸೋಡಾ ಬಾಟಲಿಗಳೂ ಹಿಂದಿನ ರಾತ್ರಿಯಿಂದಲೇ ಫ್ರಿಜ್‌ನಲ್ಲಿರಬೇಕು. ತಣ್ಣನೆಯ ನೀರು ಗ್ಯಾಸನ್ನು ಹಿಡಿದಿಟ್ಟುಕೊಳ್ಳುತ್ತದೆ, ಬೆಚ್ಚಗಿನದು ಬಿಟ್ಟುಬಿಡುತ್ತದೆ. ಜನ ಬಂದು ಕೂತ ಮೇಲೆಯೇ ಮುಚ್ಚಳ ತೆಗೆಯುವುದು. ಜಗ್ಗಿನಲ್ಲಿ ಗಡ್ಡೆ, ಅದರ ಮೇಲೆ ಅರ್ಧದಷ್ಟು ರಸ. ಆಮೇಲೆ ಜಗ್ಗು ವಾಲಿಸಿ, ಅಂಚಿನಗುಂಟ ಅಷ್ಟೇ ಸೋಡಾ. ನೇರಳೆ ನೊರೆ ಬಾಯಿಯವರೆಗೂ ಏರಿ, ಸರ್ರನೆ ಇಳಿಯುತ್ತದೆ. ತಳದಿಂದ ಒಮ್ಮೆ ಚಮಚ ಎತ್ತಿದರೆ ಸಾಕು, ಗಿರಗಿರ ತಿರುಗಿಸಬಾರದು. ಸಾದಾ ಸೋಡಾದ ಬದಲು ಸಿಹಿ ಲೆಮನ್ ಡ್ರಿಂಕ್ ಸುರಿಯುವವರಿದ್ದಾರೆ. ನನಗದು ಒಪ್ಪಿಗೆಯಿಲ್ಲ, ದ್ರಾಕ್ಷಿಯ ಘಮವೇ ಮುಚ್ಚಿಹೋಗುತ್ತದೆ. ಹೆಚ್ಚಿದ ಸೇಬು, ಅನಾನಸ್ ಹಾಕುವುದಿದ್ದರೆ ಜಗ್ಗಿಗೆ ಬೇಡ, ಲೋಟಕ್ಕೆ ನಾಲ್ಕು ಚೂರು ಸಾಕು.

ಒಮ್ಮೆಗೇ ಎಲ್ಲವನ್ನೂ ಬೆರೆಸಿಡುವುದಿಲ್ಲ. ಒಂದು ಜಗ್ಗು ಖಾಲಿಯಾದ ಮೇಲೆ ಇನ್ನೊಂದು. ಸೋಡಾ ಬೆರೆಸದ ರಸ ಮಿಕ್ಕರೆ ಫ್ರಿಜ್‌ನಲ್ಲಿ ಎರಡು ದಿನ ಚೆನ್ನಾಗಿಯೇ ಇರುತ್ತದೆ.